ರಾಜಿಯಾದ ಮೇಲೂ ಕೋರ್ಟಿನಿಂದ ಸಮನ್ಸ್ ಏಕೆ ಬರುತ್ತದೆ?

ಈ ಅಂಕಣಕ್ಕೆ ಇತ್ತೀಚೆಗೆ ಬಂದ ಪತ್ರಗಳನ್ನು ಓದುತ್ತಿದ್ದಾಗ, ದಾವಣಗೆರೆ ಮತ್ತು ಚಿತ್ರದುರ್ಗ ಜಿಲ್ಲೆಗಳ ಐದು ಪತ್ರಗಳು ಬೇರೆ ಬೇರೆ ಸಂಗತಿಗಳನ್ನು ಹೇಳುತ್ತಲೇ ಒಂದೇ ಪ್ರಶ್ನೆಗೆ ಬಂದು ನಿಲ್ಲುವುದು ಕಂಡುಬಂತು. ಎರಡೂ ಕಡೆಯವರು ಕೂತು ರಾಜಿ ಮಾಡಿಕೊಂಡ ಮೇಲೆ, ದಾಖಲಾಗಿರುವ ಕ್ರಿಮಿನಲ್ ಕೇಸು ಏನಾಗುತ್ತದೆ ಎಂಬುದೇ ಆ ಪ್ರಶ್ನೆ. ಆದ್ದರಿಂದ ಈ ಸಂಚಿಕೆಯ ಅಂಕಣವನ್ನು ಪೂರ್ತಿಯಾಗಿ ಅದಕ್ಕೇ ಮೀಸಲಿಟ್ಟಿದ್ದೇನೆ. ಪತ್ರ ಬರೆದವರ ಹೆಸರುಗಳನ್ನು ಪ್ರಕಟಿಸುತ್ತಿಲ್ಲ.

ಪ್ರಶ್ನೆ: ನಾವು ಚನ್ನಗಿರಿ ತಾಲ್ಲೂಕಿನವರು. ನಮಗೂ ನಮ್ಮ ಚಿಕ್ಕಪ್ಪನ ಮಕ್ಕಳಿಗೂ ಅಡಿಕೆ ತೋಟದ ಬದುವಿನ ವಿಚಾರದಲ್ಲಿ ಮಾತು ಬಿಟ್ಟುಹೋಗಿತ್ತು. ಕಳೆದ ವರ್ಷ ನೀರು ಕಟ್ಟುವ ಹೊತ್ತಿನಲ್ಲಿ ಜಗಳವಾಗಿ, ನನ್ನ ತಮ್ಮನ ತಲೆಗೆ ಸಲಿಕೆಯ ಪೆಟ್ಟು ಬಿದ್ದು ಏಳು ಹೊಲಿಗೆ ಹಾಕಿಸಬೇಕಾಯಿತು. ನಮ್ಮ ತಂದೆ ದೂರು ಕೊಟ್ಟರು, ಅವರು ನಮ್ಮ ಮೇಲೆ ಪ್ರತಿದೂರು ಕೊಟ್ಟರು. ಆಮೇಲೆ ಊರಿನ ಹಿರಿಯರು ಎರಡೂ ಮನೆಯವರನ್ನು ಕೂರಿಸಿ, ಅಳತೆ ಮಾಡಿಸಿ, ಬದು ಹಾಕಿಸಿ, ಆಸ್ಪತ್ರೆ ಖರ್ಚನ್ನೂ ಕೊಡಿಸಿದರು. ಛಾಪಾ ಕಾಗದದ ಮೇಲೆ ರಾಜಿ ಪತ್ರವಾಗಿದೆ. ಈಗ ಚಾರ್ಜ್‌ಶೀಟ್ ಆಗಿ ಎರಡೂ ಮನೆಗೆ ಸಮನ್ಸ್ ಬಂದಿದೆ. ಠಾಣೆಯಲ್ಲಿ ರಾಜಿ ಪತ್ರ ತೋರಿಸಿದರೆ ‘ಕೋರ್ಟಿನಲ್ಲಿ ನೋಡಿಕೊಳ್ಳಿ’ ಎಂದರು. ಕೆಲವರು ‘ಸಾಕ್ಷಿ ಹೇಳುವಾಗ ಏನೂ ಆಗಿಲ್ಲ ಅಂದುಬಿಡಿ, ಖುಲಾಸೆ ಆಗುತ್ತೆ’ ಅನ್ನುತ್ತಾರೆ. ನಮ್ಮ ಜಗಳವನ್ನು ನಾವೇ ಮುಗಿಸಿಕೊಂಡ ಮೇಲೆ ಕೋರ್ಟು ಏಕೆ ಬಿಡುವುದಿಲ್ಲ?

ಉತ್ತರ: ನಿಮಗೆ ಬಂದಿರುವ ಸಮನ್ಸನ್ನು ಇನ್ನೊಮ್ಮೆ ತೆಗೆದು ನೋಡಿ. ಅದರಲ್ಲಿ ನಿಮ್ಮ ಎದುರು ನಿಂತಿರುವವರು ನಿಮ್ಮ ಚಿಕ್ಕಪ್ಪನ ಮಕ್ಕಳಲ್ಲ, ಠಾಣೆಯ ಮೂಲಕ ಕರ್ನಾಟಕ ರಾಜ್ಯ. ದೂರು ದಾಖಲಾದ ಕ್ಷಣದಿಂದ ಅದು ರಾಜ್ಯದ ಕೇಸು. ದೂರು ಕೊಟ್ಟ ನಿಮ್ಮ ತಂದೆ ಅದರಲ್ಲಿ ಒಬ್ಬ ಸಾಕ್ಷಿ ಅಷ್ಟೆ. ಬದುವಿನ ಜಗಳ ನಿಮ್ಮದು, ಅದನ್ನು ನೀವು ಮುಗಿಸಿಕೊಂಡಿರಿ, ಒಳ್ಳೆಯದೇ ಆಯಿತು. ಆದರೆ ಒಬ್ಬ ಮನುಷ್ಯನ ತಲೆಗೆ ಸಲಿಕೆಯಲ್ಲಿ ಹೊಡೆದದ್ದನ್ನು ಕಾನೂನು ಆ ಮನುಷ್ಯನೊಬ್ಬನಿಗೇ ಆದ ಅನ್ಯಾಯವೆಂದು ಎಣಿಸದೆ, ಸಮಾಜಕ್ಕೂ ಆದ ಅನ್ಯಾಯವೆಂದು ಎಣಿಸುತ್ತದೆ. ಹಾಗಾಗಿ ಛಾಪಾ ಕಾಗದದ ಮೇಲಿನ ರಾಜಿ ಪತ್ರ ತಾನಾಗಿಯೇ ಕೇಸನ್ನು ಮುಗಿಸಲಾರದು. ಅದನ್ನು ಕೋರ್ಟಿನ ಮುಂದಿಟ್ಟು, ಕೋರ್ಟಿನ ಆದೇಶ ಪಡೆಯಬೇಕು. ಇದಕ್ಕೆ ಎರಡು ದಾರಿಗಳಿವೆ.

ಮೊದಲನೆಯದು, ಕಾನೂನೇ ‘ಇಂಥ ಅಪರಾಧಗಳನ್ನು ರಾಜಿ ಮಾಡಿಕೊಳ್ಳಬಹುದು’ ಎಂದು ಹೇಳಿರುವ ದಾರಿ. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 320ನೇ ಕಲಂನಲ್ಲಿದ್ದ ಈ ಪಟ್ಟಿ, 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 359ನೇ ಕಲಂ ಆಗಿದೆ. ಅದರಲ್ಲಿ ಎರಡು ಪಟ್ಟಿಗಳಿವೆ. ಒಂದರಲ್ಲಿರುವ ಅಪರಾಧಗಳನ್ನು ಕೋರ್ಟಿನ ಅನುಮತಿ ಇಲ್ಲದೆ, ಇನ್ನೊಂದರಲ್ಲಿರುವವನ್ನು ಅನುಮತಿ ಪಡೆದು ರಾಜಿ ಮಾಡಿಕೊಳ್ಳಬಹುದು. ಅಪರಾಧದ ಹೆಸರಿನ ಪಕ್ಕದಲ್ಲಿಯೇ ಯಾರು ರಾಜಿ ಮಾಡಿಕೊಳ್ಳಬಹುದು ಎಂದೂ ಬರೆದಿದೆ. ಪಟ್ಟಿಯ ಈ ಕಡೆಯ ಕಾಲಮ್ಮನ್ನು ಜನ ಗಮನಿಸುವುದೇ ಇಲ್ಲ. ಗಾಯದ ಪ್ರಕರಣದಲ್ಲಿ ರಾಜಿಯ ಹಕ್ಕು ಇರುವುದು ಪೆಟ್ಟು ತಿಂದವನಿಗೆ. ನಿಮ್ಮ ಪತ್ರದ ಪ್ರಕಾರ ದೂರುದಾರರು ನಿಮ್ಮ ತಂದೆ, ಹೊಲಿಗೆ ಹಾಕಿಸಿಕೊಂಡವರು ನಿಮ್ಮ ತಮ್ಮ. ರಾಜಿ ಪತ್ರದಲ್ಲಿ ನಿಮ್ಮ ತಮ್ಮನ ಸಹಿ ಇದೆಯೇ, ನೋಡಿಕೊಳ್ಳಿ. ಹಿರಿಯರೆಲ್ಲ ಸಹಿ ಹಾಕಿ, ಪಂಚರೂ ಸಹಿ ಹಾಕಿ, ಪೆಟ್ಟು ತಿಂದವನ ಸಹಿಯೊಂದೇ ಇಲ್ಲದ ರಾಜಿ ಪತ್ರಗಳನ್ನು ನಾನು ಒಂದಕ್ಕಿಂತ ಹೆಚ್ಚು ಸಲ ಕಂಡಿದ್ದೇನೆ.

ಹಳೆಯ ಭಾರತೀಯ ದಂಡ ಸಂಹಿತೆಯ ಬದಲಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯ 115(2)ರಲ್ಲಿ ಬರುವ ಸಾಮಾನ್ಯ ಗಾಯ, 126(2)ರಲ್ಲಿ ಬರುವ ಅಡ್ಡಗಟ್ಟುವಿಕೆ, 352ರಲ್ಲಿ ಬರುವ ಬೈಗುಳ, ಇವೆಲ್ಲ ರಾಜಿಯಾಗಬಲ್ಲ ಪಟ್ಟಿಯಲ್ಲಿವೆ. ಕೇಸು ಇವಿಷ್ಟೇ ಆಗಿದ್ದರೆ ಚನ್ನಗಿರಿಯ ಮ್ಯಾಜಿಸ್ಟ್ರೇಟ್ ಕೋರ್ಟಿನಲ್ಲಿಯೇ ಎರಡೂ ಕಡೆಯವರು ಹಾಜರಾಗಿ ಜಂಟಿ ಅರ್ಜಿ ಸಲ್ಲಿಸಿದರೆ ಮುಗಿಯುತ್ತಿತ್ತು. ಹಾಗೆ ರಾಜಿಯಾದರೆ ಅದಕ್ಕೆ ಖುಲಾಸೆಯ ಪರಿಣಾಮವೇ ಇರುತ್ತದೆಂದು ಕಾನೂನು ಹೇಳುತ್ತದೆ. ಲೋಕ ಅದಾಲತ್‌ನಲ್ಲಿ ಮುಗಿಸಿಕೊಳ್ಳಲು ಸಾಧ್ಯವಿರುವುದೂ ಇಂಥ ಕೇಸುಗಳನ್ನೇ. ರಾಜಿಯಾಗದ ಅಪರಾಧಗಳ ಮೇಲೆ ಲೋಕ ಅದಾಲತ್‌ಗೆ ಅಧಿಕಾರವಿಲ್ಲವೆಂದು 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯ್ದೆಯೇ ಸ್ಪಷ್ಟವಾಗಿ ಹೇಳಿದೆ. ಆದರೆ ಸಲಿಕೆಯಂಥ ವಸ್ತುವಿನಿಂದ ತಲೆಗೆ ಹೊಡೆದ ಪ್ರಕರಣದಲ್ಲಿ ಸಾಮಾನ್ಯವಾಗಿ 118(1)ನೇ ಕಲಂ ಸೇರಿರುತ್ತದೆ. ಅಪಾಯಕಾರಿ ಆಯುಧದಿಂದ ಗಾಯಪಡಿಸುವ ಈ ಅಪರಾಧ ಆ ಪಟ್ಟಿಯಲ್ಲಿಲ್ಲ. ಪಟ್ಟಿಯಲ್ಲಿಲ್ಲದ್ದನ್ನು ಮ್ಯಾಜಿಸ್ಟ್ರೇಟರು ಎಷ್ಟೇ ಸಹಾನುಭೂತಿ ಇದ್ದರೂ ರಾಜಿಗೆ ಒಪ್ಪಿಸಲಾರರು.

ಆಗ ಉಳಿಯುವುದು ಎರಡನೆಯ ದಾರಿ, ಅಂದರೆ ಹೈಕೋರ್ಟಿನ ಅಂತರ್ಗತ ಅಧಿಕಾರ. ಹಿಂದೆ 482ನೇ ಕಲಂ ಎಂದು ಎಲ್ಲರ ಬಾಯಲ್ಲಿದ್ದದ್ದು ಈಗ ನಾಗರಿಕ ಸುರಕ್ಷಾ ಸಂಹಿತೆಯ 528ನೇ ಕಲಂ. ನ್ಯಾಯದ ಉದ್ದೇಶ ಸಾಧನೆಗಾಗಿ, ಇಲ್ಲವೇ ಕೋರ್ಟಿನ ಪ್ರಕ್ರಿಯೆ ದುರುಪಯೋಗವಾಗುವುದನ್ನು ತಡೆಯಲು ಹೈಕೋರ್ಟು ಕೇಸನ್ನೇ ರದ್ದುಪಡಿಸಬಹುದು. ರಾಜಿಯಾಗದ ಅಪರಾಧವನ್ನು ರಾಜಿಯ ಕಾರಣಕ್ಕೆ ಹೀಗೆ ರದ್ದುಪಡಿಸಬಹುದೇ ಎಂಬ ಬಗ್ಗೆ ಬಹಳ ಕಾಲ ಗೊಂದಲವಿತ್ತು. 2003ರಲ್ಲಿ ಬಿ.ಎಸ್. ಜೋಶಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಗಂಡ ಹೆಂಡಿರ ನಡುವಿನ ಕೇಸಿನಲ್ಲಿ ‘ಆಗಬಹುದು’ ಎಂದಿತು. ನಂತರ, ಶಾಸಕಾಂಗ ರಾಜಿಯಾಗಬಾರದು ಎಂದಿರುವುದನ್ನು ನ್ಯಾಯಾಲಯ ಹಿಂಬಾಗಿಲಿನಿಂದ ರಾಜಿ ಮಾಡಿಸಿದಂತಾಗುವುದಿಲ್ಲವೇ ಎಂಬ ಸಂದೇಹ ಹುಟ್ಟಿ, 2010ರಲ್ಲಿ ವಿಷಯ ಹಿರಿಯ ಪೀಠಕ್ಕೆ ಹೋಯಿತು. 2012ರ ಸೆಪ್ಟೆಂಬರಿನಲ್ಲಿ ಜ್ಞಾನ್ ಸಿಂಗ್ ಪ್ರಕರಣದಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಅದಕ್ಕೆ ಉತ್ತರ ಕೊಟ್ಟಿತು. ಪಟ್ಟಿಯ ಪ್ರಕಾರ ರಾಜಿ ಮಾಡಿಕೊಳ್ಳುವುದು ಬೇರೆ, ಹೈಕೋರ್ಟು ತನ್ನ ಅಧಿಕಾರದಿಂದ ಕೇಸು ರದ್ದುಪಡಿಸುವುದು ಬೇರೆ. ವ್ಯಾಪಾರ, ಹಣಕಾಸು, ಪಾಲುದಾರಿಕೆ, ದಾಂಪತ್ಯ, ಕುಟುಂಬದ ಜಗಳಗಳಂತೆ ಮೂಲತಃ ಖಾಸಗಿಯಾದ ತಂಟೆಯಲ್ಲಿ ನೊಂದವರು ಮನಸಾರೆ ರಾಜಿಯಾಗಿದ್ದು, ಕೇಸು ಮುಂದುವರಿಸಿದರೂ ಶಿಕ್ಷೆಯಾಗುವ ಸಾಧ್ಯತೆ ತೀರಾ ಕಡಿಮೆ ಇದ್ದಾಗ ಹೈಕೋರ್ಟು ರದ್ದುಪಡಿಸಬಹುದು. ಕೊಲೆ, ಅತ್ಯಾಚಾರ, ದರೋಡೆಯಂಥವನ್ನು ಮತ್ತು ಸರ್ಕಾರಿ ನೌಕರರ ಭ್ರಷ್ಟಾಚಾರವನ್ನು ಎಷ್ಟೇ ರಾಜಿಯಾಗಿದ್ದರೂ ರದ್ದುಪಡಿಸುವಂತಿಲ್ಲ. ಇಂದಿಗೂ ಹೈಕೋರ್ಟುಗಳು ಈ ಅಳತೆಯನ್ನೇ ಹಿಡಿದು ನಡೆಯುತ್ತಿವೆ.

ನಿಮ್ಮಂಥ ಹೊಡೆದಾಟದ ಕೇಸಿಗೆ 2014ರ ನರಿಂದರ್ ಸಿಂಗ್ ಮತ್ತು 2019ರ ಲಕ್ಷ್ಮೀನಾರಾಯಣ್ ತೀರ್ಪುಗಳು ಇನ್ನೂ ಹತ್ತಿರ. ಚಾರ್ಜ್‌ಶೀಟ್‌ನಲ್ಲಿ ಯಾವ ಕಲಂ ಬರೆದಿದೆ ಎಂಬುದೊಂದನ್ನೇ ನೋಡದೆ, ಗಾಯ ದೇಹದ ಯಾವ ಭಾಗಕ್ಕೆ ಆಗಿದೆ, ಎಷ್ಟು ಆಳವಾಗಿದೆ, ಯಾವ ಆಯುಧ ಬಳಕೆಯಾಗಿದೆ, ವೈದ್ಯರು ಗಾಯದ ಪ್ರಮಾಣಪತ್ರದಲ್ಲಿ ಏನು ಬರೆದಿದ್ದಾರೆ, ಆರೋಪಿ ಹಿಂದೆಯೂ ಇಂಥದ್ದನ್ನು ಮಾಡಿದ್ದಾನೆಯೇ ಎಂಬುದನ್ನೆಲ್ಲ ಹೈಕೋರ್ಟು ನೋಡುತ್ತದೆ. ತಲೆ ಎಂಬುದು ಮರ್ಮಸ್ಥಾನವಾದ್ದರಿಂದ ನಿಮ್ಮ ತಮ್ಮನ ಗಾಯದ ಪ್ರಮಾಣಪತ್ರವೇ ಇಲ್ಲಿ ಮುಖ್ಯ ಕಾಗದ. ಮೂಳೆ ಮುರಿದಿಲ್ಲ, ಸಾಮಾನ್ಯ ಗಾಯ ಎಂದು ವೈದ್ಯರು ಬರೆದಿದ್ದರೆ ನಿಮ್ಮ ಅರ್ಜಿಗೆ ಬಲ ಬರುತ್ತದೆ. ಹೊತ್ತೂ ಮುಖ್ಯ. ತನಿಖೆಯ ಹಂತದಲ್ಲಿ ಅಥವಾ ಸಾಕ್ಷಿ ವಿಚಾರಣೆ ಶುರುವಾಗುವ ಮುಂಚೆ ಬಂದ ರಾಜಿಯನ್ನು ಕೋರ್ಟು ಧಾರಾಳವಾಗಿ ಪರಿಗಣಿಸುತ್ತದೆ. ಸಾಕ್ಷಿಗಳೆಲ್ಲ ಮುಗಿದು ವಾದ ನಡೆಯುವ ಹಂತಕ್ಕೆ ಬಂದ ಮೇಲೆ ಸಾಮಾನ್ಯವಾಗಿ ಒಪ್ಪುವುದಿಲ್ಲ. ಘೋರವಲ್ಲದ ಪ್ರಕರಣಗಳಲ್ಲಿ, ಶಿಕ್ಷೆಯಾಗಿ ಮೇಲ್ಮನವಿ ಬಾಕಿ ಇರುವಾಗಲೂ ರದ್ದುಪಡಿಸಬಹುದೆಂದು 2021ರ ರಾಮ್‌ಗೋಪಾಲ್ ತೀರ್ಪು ಹೇಳಿದೆಯಾದರೂ ಅದನ್ನು ನಂಬಿಕೊಂಡು ಕೂರಬೇಡಿ. ನಿಮಗಿನ್ನೂ ಸಮನ್ಸ್ ಬಂದಿದೆಯಷ್ಟೆ. ಇದೇ ಸರಿಯಾದ ಸಮಯ.

ಇನ್ನು ಹೋಗಬೇಕಾದ ಜಾಗ. ದಾವಣಗೆರೆ ಮತ್ತು ಚಿತ್ರದುರ್ಗ ಜಿಲ್ಲೆಗಳು ಹೈಕೋರ್ಟಿನ ಬೆಂಗಳೂರು ಪ್ರಧಾನ ಪೀಠಕ್ಕೆ ಸೇರುತ್ತವೆ. ಧಾರವಾಡ ಹತ್ತಿರವಿದೆಯಲ್ಲ ಎಂದು ನಮ್ಮ ಕಡೆಯವರು ಆಗಾಗ ಕೇಳುತ್ತಾರೆ. ಹರಿಹರದಲ್ಲಿ ತುಂಗಭದ್ರೆಯ ಸೇತುವೆ ದಾಟಿದರೆ ಸಿಗುವ ಕುಮಾರಪಟ್ಟಣ ಹಾವೇರಿ ಜಿಲ್ಲೆಯದಾದ್ದರಿಂದ ಅಲ್ಲಿಯವರ ಕೇಸು ಧಾರವಾಡ ಪೀಠಕ್ಕೆ ಹೋಗುತ್ತದೆ, ಹೊಳೆಯ ಈಚೆಯವರದು ಬೆಂಗಳೂರಿಗೆ. ನಿಮ್ಮ ವಿಷಯದಲ್ಲಿ ಕೇಸಿಗೆ ಕೇಸು ಇರುವುದರಿಂದ ಎರಡು ಅರ್ಜಿಗಳಾಗಬೇಕು. ಪ್ರತಿಯೊಂದರಲ್ಲಿಯೂ ಆರೋಪಿಗಳು ಅರ್ಜಿದಾರರು, ರಾಜ್ಯ ಮೊದಲ ಎದುರುದಾರ, ದೂರುದಾರರು ಎರಡನೆಯ ಎದುರುದಾರ. ಗಾಯಗೊಂಡವರು ದೂರುದಾರರಲ್ಲದಿದ್ದರೆ ಅವರನ್ನೂ ಸೇರಿಸಿ. ಎರಡನ್ನೂ ಒಟ್ಟಿಗೆ ವಿಚಾರಣೆಗೆ ತೆಗೆದುಕೊಳ್ಳುವಂತೆ ಕೋರಿಕೊಳ್ಳಿ. ಒಂದು ರದ್ದಾಗಿ ಇನ್ನೊಂದು ಉಳಿದರೆ ಆ ಉಳಿದ ಕೇಸೇ ಹೊಸ ಜಗಳಕ್ಕೆ ಬೀಜವಾಗುತ್ತದೆ. ಎಫ್‌ಐಆರ್, ಚಾರ್ಜ್‌ಶೀಟ್, ಗಾಯದ ಪ್ರಮಾಣಪತ್ರ, ಊರಿನ ರಾಜಿ ಪತ್ರ, ಬದುವಿನ ಅಳತೆಯ ನಕ್ಷೆ, ಇವುಗಳ ಜೊತೆ ಎಲ್ಲರ ಅಫಿಡವಿಟ್, ಅಂದರೆ ಪ್ರಮಾಣ ಮಾಡಿ ಬರೆದುಕೊಟ್ಟ ಹೇಳಿಕೆ, ಬೇಕು. ನ್ಯಾಯಮೂರ್ತಿಗಳು ನಿಮ್ಮ ತಮ್ಮನನ್ನೇ ನೇರವಾಗಿ ಕೇಳಬಹುದು. ಅಷ್ಟು ದೂರ ಹೋಗಲಾಗದಿದ್ದರೆ ವಿಡಿಯೊ ಮೂಲಕ ಹಾಜರಾಗಲು ಅನುಮತಿ ಕೋರಬಹುದು.

ಕೊನೆಯದಾಗಿ, ‘ಏನೂ ಆಗಿಲ್ಲ ಅಂದುಬಿಡಿ’ ಎಂಬ ಸಲಹೆ. ದಯವಿಟ್ಟು ಅದನ್ನು ಕೇಳಬೇಡಿ. ಪ್ರಮಾಣ ಮಾಡಿ ಸುಳ್ಳು ಹೇಳಿದರೆ ಭಾರತೀಯ ನ್ಯಾಯ ಸಂಹಿತೆಯ 229ನೇ ಕಲಂ ಪ್ರಕಾರ ಏಳು ವರ್ಷದವರೆಗೆ ಶಿಕ್ಷೆ ಇದೆ ಎಂಬುದು ಒಂದು ಕಾರಣ. ನನಗೆ ಅದಕ್ಕಿಂತ ದೊಡ್ಡದಾಗಿ ಕಾಣುವ ಕಾರಣ ಇನ್ನೊಂದಿದೆ. ಕೆಲವು ವರ್ಷಗಳ ಹಿಂದೆ ಹೀಗೇ ಊರಿನಲ್ಲಿ ರಾಜಿಯಾದ ಒಂದು ಕೇಸಿನಲ್ಲಿ, ಇಪ್ಪತ್ತೆರಡರ ಹುಡುಗನೊಬ್ಬ ಕಟಕಟೆಯಲ್ಲಿ ನಿಂತು ‘ಕಾಲು ಜಾರಿ ಬಿದ್ದೆ’ ಎಂದ. ಹುಬ್ಬಿನ ಮೇಲಿನಿಂದ ಕೂದಲಿನೊಳಗೆ ಹೋಗಿದ್ದ ಗಾಯದ ಗೆರೆ ನ್ಯಾಯಾಧೀಶರಿಗೂ, ಸರ್ಕಾರಿ ಅಭಿಯೋಜಕರಿಗೂ, ಹಿಂದೆ ಕುಳಿತಿದ್ದ ನಮಗೂ ಕಾಣುತ್ತಿತ್ತು. ‘ಪೊಲೀಸರ ಮುಂದೆ ಹೇಳಿದ್ದು ಸುಳ್ಳೇ?’ ಎಂದು ಅಭಿಯೋಜಕರು ಕೇಳಿದಾಗ ಅವನು ‘ಹೌದು’ ಎಂದು ಹೇಳಿ ತಲೆ ತಗ್ಗಿಸಿದ. ಅವನ ಜೊತೆಗೆ, ಅಂದು ಅವನನ್ನು ಎತ್ತಿಕೊಂಡು ಆಸ್ಪತ್ರೆಗೆ ಓಡಿದ ನೆರೆಯವರೂ ಸುಳ್ಳುಗಾರರಾದರು. ಹೊಡೆದವನು ಖುಲಾಸೆಯಾಗಿ ಹೊರಗೆ ಹೋದ. ಪೆಟ್ಟು ತಿಂದವನು ತನ್ನ ಬಾಯಿಯಿಂದಲೇ ತನ್ನನ್ನು ಸುಳ್ಳುಗಾರನೆಂದು ಬರೆಸಿಕೊಂಡು ಮನೆಗೆ ಹೋದ. ರಾಜಿ ಮಾಡಿಕೊಳ್ಳುವುದರಲ್ಲಿ ನಾಚಿಕೆ ಪಡುವಂಥದ್ದೇನೂ ಇಲ್ಲ. ‘ಹೊಡೆದದ್ದು ನಿಜ, ಈಗ ಕ್ಷಮಿಸಿದ್ದೇನೆ’ ಎಂದು ಕೋರ್ಟಿನ ಮುಂದೆ ನಿಜವನ್ನೇ ಹೇಳಿ ಕೇಸು ಮುಗಿಸಿಕೊಳ್ಳುವ ದಾರಿ ಇರುವಾಗ ಆ ಹುಡುಗನ ಸ್ಥಿತಿಗೆ ನಿಮ್ಮ ತಮ್ಮನನ್ನು ತಳ್ಳಬೇಡಿ.

ಪ್ರಶ್ನೆ: ನಾನು ಹರಿಹರದವಳು. ಗಂಡ ಮತ್ತು ಅತ್ತೆಯ ಮೇಲೆ ಕಿರುಕುಳದ ಕೇಸು ಕೊಟ್ಟಿದ್ದೇನೆ. ಮಧ್ಯಸ್ಥಿಕೆ ಕೇಂದ್ರದಲ್ಲಿ ಮಾತುಕತೆಯಾಗಿ, ಪರಸ್ಪರ ಒಪ್ಪಿಗೆಯ ವಿಚ್ಛೇದನಕ್ಕೂ ನನಗೆ 12 ಲಕ್ಷ ರೂಪಾಯಿ ಕೊಡುವುದಕ್ಕೂ ಒಪ್ಪಿಗೆಯಾಗಿದೆ. ಈಗ ಅವರ ಕಡೆಯವರು ‘ಮೊದಲು ಹೈಕೋರ್ಟಿನ ಕಾಗದಕ್ಕೆ ಸಹಿ ಹಾಕಿ, ಕೇಸು ರದ್ದಾದ ಮೇಲೆ ಹಣ’ ಎನ್ನುತ್ತಿದ್ದಾರೆ. ಆರು ವರ್ಷದ ಮಗಳಿದ್ದಾಳೆ. ‘ಮಗಳ ಪರವಾಗಿ ಮುಂದೆ ಯಾವ ಜೀವನಾಂಶವನ್ನೂ ಕೇಳುವುದಿಲ್ಲ’ ಎಂದೂ ಆ ಕಾಗದದಲ್ಲಿ ಬರೆದಿದ್ದಾರೆ. ಸಹಿ ಹಾಕಲೇ?

ಉತ್ತರ: ಈಗಿರುವ ರೂಪದಲ್ಲಿ ಹಾಕಬೇಡಿ, ಅಮ್ಮಾ.

ಗಂಡ ಮತ್ತು ಅವನ ಮನೆಯವರ ಕ್ರೌರ್ಯದ ಅಪರಾಧ, ಹಿಂದಿನ 498ಎ, ಈಗಿನ ನ್ಯಾಯ ಸಂಹಿತೆಯ 85ನೇ ಕಲಂ, ಕರ್ನಾಟಕದಲ್ಲಿ ರಾಜಿಯಾಗಬಲ್ಲ ಪಟ್ಟಿಯಲ್ಲಿಲ್ಲ. ಆದ್ದರಿಂದ ಹರಿಹರದ ಕೋರ್ಟಿನಲ್ಲಿ ನೀವಿಬ್ಬರೂ ಒಪ್ಪಿಕೊಂಡರೂ ಅದು ಮುಗಿಯುವುದಿಲ್ಲ. ಹೈಕೋರ್ಟಿಗೆ ಹೋಗಲೇಬೇಕು ಎಂದು ಅವರು ಹೇಳುತ್ತಿರುವುದು ಸರಿ. ಹೋಗಬೇಕಾದ ಹೊತ್ತು ಯಾವುದು ಎಂಬುದರಲ್ಲಿ ಮಾತ್ರ ನೀವು ಗಟ್ಟಿಯಾಗಿರಬೇಕು. ನಿಮ್ಮ ಒಪ್ಪಿಗೆಯಿಲ್ಲದೆ ರಾಜಿಯ ಕಾರಣ ಹೇಳಿ ಆ ಕೇಸನ್ನು ರದ್ದು ಮಾಡಿಸಲಾಗದು. ಒಪ್ಪಂದದಲ್ಲಿ ನಿಮ್ಮ ಕೈಯಲ್ಲಿರುವ ಬಲವೇ ಆ ಒಪ್ಪಿಗೆ. ಅದನ್ನು ಮೊದಲೇ ಕೊಟ್ಟುಬಿಟ್ಟು ಹಣಕ್ಕಾಗಿ ಆಮೇಲೆ ಅಲೆಯುವ ಸ್ಥಿತಿ ಬರಬಾರದು.

ರೂಢಿಯಲ್ಲಿರುವ ಒಳ್ಳೆಯ ಕ್ರಮವನ್ನು ಹೇಳುತ್ತೇನೆ. ಹಿಂದೂ ವಿವಾಹ ಕಾಯ್ದೆಯ 13ಬಿ ಕಲಂ ಪ್ರಕಾರ ಪರಸ್ಪರ ಒಪ್ಪಿಗೆಯ ವಿಚ್ಛೇದನಕ್ಕೆ ಎರಡು ಹಂತಗಳಿವೆ, ನಡುವೆ ಆರು ತಿಂಗಳ ಅಂತರವಿದೆ. ಸೂಕ್ತ ಸಂದರ್ಭದಲ್ಲಿ ಕೋರ್ಟು ಈ ಆರು ತಿಂಗಳನ್ನು ಬಿಡಬಹುದೆಂದು 2017ರಲ್ಲಿ ಅಮರ್‌ದೀಪ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಮೊದಲ ಹಂತದ ದಿನ ಒಂದು ಕಂತು, ಎರಡನೆಯ ಹಂತದ ದಿನ ಇನ್ನೊಂದು ಕಂತು, ಹೈಕೋರ್ಟಿನಲ್ಲಿ ರದ್ದತಿಯ ಅರ್ಜಿ ವಿಚಾರಣೆಗೆ ಬಂದ ದಿನ ಕೊನೆಯ ಕಂತು ಎಂದು ಬರೆಸಿಕೊಳ್ಳಿ. ಪ್ರತಿ ಕಂತೂ ನಿಮ್ಮ ಹೆಸರಿನ ಬ್ಯಾಂಕ್ ಡಿಮ್ಯಾಂಡ್ ಡ್ರಾಫ್ಟ್ ಆಗಿರಲಿ, ಅದರ ಸಂಖ್ಯೆ ಮತ್ತು ದಿನಾಂಕ ಕೋರ್ಟಿಗೆ ಕೊಡುವ ಜ್ಞಾಪನದಲ್ಲಿ ಬರಲಿ, ಅದು ಕೋರ್ಟಿನಲ್ಲಿಯೇ ನಿಮ್ಮ ಕೈಗೆ ಬರಲಿ. ಮುಂದಿನ ದಿನಾಂಕದ ಚೆಕ್ಕನ್ನು ಒಪ್ಪಬೇಡಿ.

ಮಗಳ ವಿಷಯದ ವಾಕ್ಯವನ್ನು ತೆಗೆಸಿಬಿಡಿ. ಜೀವನಾಂಶ ಮಗುವಿನ ಹಕ್ಕು. ತಾಯಿ ತನ್ನ ಹಕ್ಕನ್ನು ಬಿಟ್ಟುಕೊಡಬಹುದೇ ಹೊರತು ಮಗುವಿನದನ್ನಲ್ಲ. ಅಂಥ ವಾಕ್ಯ ಇದ್ದರೂ ಮಗಳು ನಾಗರಿಕ ಸುರಕ್ಷಾ ಸಂಹಿತೆಯ 144ನೇ ಕಲಂ ಪ್ರಕಾರ ತಂದೆಯಿಂದ ಜೀವನಾಂಶ ಕೇಳುವುದನ್ನು ಅದು ತಡೆಯಲಾರದು. ಆದರೆ ಆ ಕಾಗದವನ್ನು ಹಿಡಿದುಕೊಂಡು ನಿಮ್ಮನ್ನು ವರ್ಷಗಟ್ಟಲೆ ಅಲೆಸಬಹುದು.

ಇನ್ನೊಂದು ಮಾತನ್ನೂ ನಾನು ಮುಚ್ಚಿಡಬಾರದು. ನೀವು ಹಣ ಪಡೆದು, ವಿಚ್ಛೇದನವನ್ನೂ ಪಡೆದು, ಆಮೇಲೆ ಕೇಸನ್ನು ಮುಂದುವರಿಸುತ್ತೇನೆಂದರೆ ಕೋರ್ಟು ಒಪ್ಪುವುದಿಲ್ಲ. 2004ರ ರುಚಿ ಅಗರ್‌ವಾಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಅಂಥ ಕೇಸನ್ನು ಪ್ರಕ್ರಿಯೆಯ ದುರುಪಯೋಗವೆಂದು ರದ್ದುಪಡಿಸಿತು. ಒಪ್ಪಂದ ಇಬ್ಬರನ್ನೂ ಕಟ್ಟಿಹಾಕುತ್ತದೆ, ಹಾಗಾಗಿಯೇ ಅದರ ಒಂದೊಂದು ಸಾಲನ್ನೂ ಸಹಿಗೆ ಮುಂಚೆ ಓದಿಸಿಕೊಳ್ಳಬೇಕು. ವಕೀಲರ ಖರ್ಚು ಭರಿಸಲಾಗದಿದ್ದರೆ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಅರ್ಜಿ ಕೊಡಿ. ಮಹಿಳೆಯರಿಗೆ ಆದಾಯ ಎಷ್ಟೇ ಇದ್ದರೂ ಉಚಿತ ಕಾನೂನು ನೆರವು ಪಡೆಯುವ ಹಕ್ಕಿದೆ.

ಈಚೆಗೆ ಒಂದು ಕೋರ್ಟಿನಲ್ಲಿ ರಾಜಿ ಅರ್ಜಿ ಕೈಗೆತ್ತಿಕೊಂಡ ನ್ಯಾಯಾಧೀಶರು, ಹೆಣ್ಣುಮಗಳ ಹಿಂದೆ ನಿಂತಿದ್ದ ಆರೇಳು ಮಂದಿಯನ್ನೂ ಹೊರಗೆ ಕಳಿಸಿ, ಪೆನ್ನು ಕೆಳಗಿಟ್ಟು, ‘ಹಣ ಕೈಗೆ ಬಂತೇನಮ್ಮ? ಯಾರಾದರೂ ಹೆದರಿಸಿದ್ದಾರಾ?’ ಎಂದು ಕೇಳಿದರು. ಆಕೆ ಸ್ವಲ್ಪ ಹೊತ್ತು ಸುಮ್ಮನಿದ್ದು ‘ಹಣ ಇನ್ನೂ ಬಂದಿಲ್ಲ ಸ್ವಾಮಿ’ ಎಂದಳು. ಅರ್ಜಿ ಮುಂದಿನ ವಾಯಿದೆಗೆ ಹೋಯಿತು, ಆ ವಾಯಿದೆಗೆ ಹಣವೂ ಬಂತು. ನಿಮ್ಮನ್ನೂ ನ್ಯಾಯಾಧೀಶರು ಕೇಳುತ್ತಾರೆ. ಆಗ ಇದ್ದದ್ದನ್ನು ಇದ್ದ ಹಾಗೆ ಹೇಳಿ.

ಪ್ರಶ್ನೆ: ನಮ್ಮ ಅಣ್ಣ ನನ್ನ ಸಹಿಯನ್ನು ತಾನೇ ಹಾಕಿ ಪಿತ್ರಾರ್ಜಿತ ಜಮೀನಿನಲ್ಲಿ ನನ್ನ ಭಾಗವನ್ನೂ ಸೇರಿಸಿ ಕಾಗದ ಮಾಡಿಸಿಕೊಂಡಿದ್ದ. ನಕಲಿ ಸಹಿ ಮತ್ತು ವಂಚನೆಯ ಕೇಸು ನಡೆಯುತ್ತಿದೆ. ಈಗ ಸ್ವಾಮಿಗಳ ಮುಂದೆ ಹೋಗಿ ಮಾತಾಡಿ, ಅಣ್ಣ ನನ್ನ ಭಾಗ ಬಿಟ್ಟುಕೊಡಲು ಒಪ್ಪಿದ್ದಾನೆ. ಮಠದಲ್ಲಿ ಆದ ತೀರ್ಮಾನಕ್ಕೆ ಕೋರ್ಟಿನಲ್ಲಿ ಬೆಲೆ ಇದೆಯೇ? (ಜಗಳೂರು ತಾಲ್ಲೂಕಿನ ಓದುಗರು)

ಉತ್ತರ: ನಮ್ಮ ಸೀಮೆಯಲ್ಲಿ ಇದು ಹೊಸದೇನಲ್ಲ. ಸಿರಿಗೆರೆಯ ತರಳಬಾಳು ಮಠದಲ್ಲಿ ಸೋಮವಾರದ ನ್ಯಾಯಪೀಠದ ಮುಂದೆ ಜಮೀನು, ಪಾಲು, ದಾಂಪತ್ಯದ ವ್ಯಾಜ್ಯಗಳನ್ನು ಹೊತ್ತು ತಂದವರ ಸಾಲನ್ನು ನೋಡಿದವರಿಗೆ, ಹಿರಿಯರ ಮಾತಿಗೆ ಜನರಲ್ಲಿರುವ ಗೌರವ ಎಷ್ಟೆಂಬುದು ಗೊತ್ತು. ಅಣ್ಣ ತಮ್ಮಂದಿರ ಮನಸ್ಸು ಕೂಡಿಸುವ ಕೆಲಸ ಅಂಥ ಕಡೆ ಆಗುವಷ್ಟು ಚೆನ್ನಾಗಿ ಕೋರ್ಟಿನಲ್ಲಿ ಆಗುವುದು ಕಡಿಮೆ ಎಂದೇ ನನ್ನ ಅನುಭವ. ಆದರೆ ತೀರ್ಮಾನ ಎಲ್ಲಿಯೇ ಆಗಲಿ, ಕ್ರಿಮಿನಲ್ ಕೇಸಿನ ಮಟ್ಟಿಗೆ ಅದು ಕೋರ್ಟಿನ ಮುಂದಿಡುವ ಒಂದು ಆಧಾರ ಮಾತ್ರ. ಕೇಸನ್ನು ಮುಗಿಸುವ ಆದೇಶವಾಗುವುದಿಲ್ಲ.

ವಂಚನೆಯನ್ನು ಕೋರ್ಟಿನ ಅನುಮತಿಯಿಂದ ರಾಜಿ ಮಾಡಿಕೊಳ್ಳಬಹುದು. ಆದರೆ ವಂಚನೆಗಾಗಿ ನಕಲಿ ದಾಖಲೆ ಸೃಷ್ಟಿಸಿದ್ದು ರಾಜಿಯಾಗಬಲ್ಲ ಪಟ್ಟಿಯಲ್ಲಿಲ್ಲ, ಆದ್ದರಿಂದ ನಿಮಗೂ ಹೈಕೋರ್ಟೇ ಗತಿ. 2017ರ ಪರಬತ್‌ಭಾಯಿ ಪ್ರಕರಣದಲ್ಲಿ ನಕಲಿ ದಾಖಲೆಗಳಿಂದ ಜಮೀನು ಕಬಳಿಸಿದ ಆರೋಪವಿದ್ದಾಗ, ರಾಜಿಯಾಗಿದ್ದರೂ ಕೇಸು ರದ್ದುಪಡಿಸಲು ಗುಜರಾತ್ ಹೈಕೋರ್ಟು ನಿರಾಕರಿಸಿದ್ದನ್ನು ಸುಪ್ರೀಂ ಕೋರ್ಟು ಎತ್ತಿಹಿಡಿಯಿತು. ಅದನ್ನು ಓದಿ ನೀವು ಎದೆಗುಂದಬೇಕಾಗಿಲ್ಲ. ಒಂದೇ ಮನೆಯ ಅಣ್ಣ ತಮ್ಮಂದಿರ ನಡುವೆ ಪಾಲಿನ ವಿಷಯದಲ್ಲಿ ಒಮ್ಮೆ ಆದ ತಪ್ಪಿಗೂ, ಊರೂರಿನ ಜಮೀನಿಗೆ ಕಾಗದ ಸೃಷ್ಟಿಸುವವರ ಕೃತ್ಯಕ್ಕೂ ಇರುವ ವ್ಯತ್ಯಾಸವನ್ನು ಕೋರ್ಟು ನೋಡುತ್ತದೆ. ಆ ಕಾಗದದ ಆಧಾರದ ಮೇಲೆ ಬ್ಯಾಂಕಿನಲ್ಲಿ ಸಾಲ ತೆಗೆದಿದ್ದರೆ ಅಥವಾ ಮೂರನೆಯವರಿಗೆ ಮಾರಿದ್ದರೆ ಮಾತ್ರ ಅದು ನಿಮ್ಮಿಬ್ಬರ ಖಾಸಗಿ ವಿಷಯವಾಗಿ ಉಳಿಯುವುದಿಲ್ಲ. ಹಾಗೇನೂ ಇಲ್ಲದಿದ್ದರೆ, ಮೊದಲು ನಕಲಿ ಕಾಗದವನ್ನು ರದ್ದುಪಡಿಸಿಕೊಳ್ಳಿ, ಪಾಲು ಪತ್ರ ನೋಂದಣಿಯಾಗಲಿ, ಪಹಣಿಯಲ್ಲಿ ನಿಮ್ಮ ಹೆಸರು ಬರಲಿ. ಆ ದಾಖಲೆಗಳನ್ನು ಲಗತ್ತಿಸಿ ಅರ್ಜಿ ಹಾಕಿದರೆ, ಬಾಯಿಮಾತಿನ ರಾಜಿಗಿಂತ ಅದಕ್ಕೆ ಹೆಚ್ಚು ತೂಕವಿರುತ್ತದೆ.

ಪ್ರಶ್ನೆ: ನಮ್ಮ ಸಂಬಂಧಿಕರ ಹದಿನಾಲ್ಕು ವರ್ಷದ ಹುಡುಗಿಯೊಂದಿಗೆ ಪರಿಚಯದ ವ್ಯಕ್ತಿಯೊಬ್ಬ ಅಸಭ್ಯವಾಗಿ ವರ್ತಿಸಿದ್ದಾನೆ. ಪೋಕ್ಸೊ ಕೇಸಾಗಿದೆ. ‘ಹುಡುಗಿಯ ಭವಿಷ್ಯ ನೋಡಿ, ಹಣ ತೆಗೆದುಕೊಂಡು ಮುಗಿಸಿ’ ಎಂದು ಊರಿನವರು ತಂದೆಯನ್ನು ಒತ್ತಾಯಿಸುತ್ತಿದ್ದಾರೆ. ತಂದೆ ಸಹಿ ಹಾಕಿದರೆ ಕೇಸು ಮುಗಿಯುತ್ತದೆಯೇ? (ಚಿತ್ರದುರ್ಗ ಜಿಲ್ಲೆಯ ಓದುಗರು)

ಉತ್ತರ: ಮುಗಿಯಬಾರದು, ಮುಗಿಸಲು ಯಾರಿಗೂ ಹಕ್ಕಿಲ್ಲ. ರಾಜಸ್ಥಾನದಲ್ಲಿ ಶಿಕ್ಷಕನೊಬ್ಬನ ಮೇಲಿದ್ದ ಇಂಥದ್ದೇ ಕೇಸನ್ನು, ಹುಡುಗಿಯ ತಂದೆ ರಾಜಿಯಾಗಿದ್ದಾರೆಂದು ಅಲ್ಲಿನ ಹೈಕೋರ್ಟು ರದ್ದುಪಡಿಸಿತ್ತು. 2024ರ ನವೆಂಬರಿನಲ್ಲಿ ರಾಮ್‌ಜಿ ಲಾಲ್ ಬೈರ್ವಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಆ ಆದೇಶವನ್ನು ತಳ್ಳಿಹಾಕಿ, ಮಕ್ಕಳ ಮೇಲಿನ ಇಂಥ ಅಪರಾಧವನ್ನು ಖಾಸಗಿ ವಿಷಯವೆಂದು ಎಣಿಸಲಾಗದು ಎಂದು ಸ್ಪಷ್ಟಪಡಿಸಿತು. ಆ ಕೇಸಿನಲ್ಲಿ ಸುಪ್ರೀಂ ಕೋರ್ಟಿಗೆ ಹೋದವರು ಹುಡುಗಿಯ ಮನೆಯವರಲ್ಲ, ಸಂಬಂಧವೇ ಇಲ್ಲದ ಊರಿನವರು ಎಂಬುದನ್ನು ನಿಮ್ಮ ಊರಿನವರಿಗೆ ತಿಳಿಸಿ.

ತಂದೆ ಸಹಿ ಹಾಕಿದರೆ ಕೇಸು ನಿಲ್ಲುವುದಿಲ್ಲ. ಆದರೆ ನಾಳೆ ಆ ಹುಡುಗಿ ಕೋರ್ಟಿನಲ್ಲಿ ನಿಜ ಹೇಳಲು ನಿಂತಾಗ ಅದೇ ಸಹಿಯನ್ನು ಅವಳ ವಿರುದ್ಧ ಬಳಸುತ್ತಾರೆ. ಒತ್ತಾಯಿಸುತ್ತಿರುವವರ ವಿವರವನ್ನು ಬರೆದು ತನಿಖಾಧಿಕಾರಿಗೂ ವಿಶೇಷ ಕೋರ್ಟಿನ ಅಭಿಯೋಜಕರಿಗೂ ಕೊಡಿ. ತಕ್ಷಣದ ಸಹಾಯಕ್ಕೆ ಮಕ್ಕಳ ಸಹಾಯವಾಣಿ 1098 ಇದೆ. ಹುಡುಗಿಯನ್ನು ಶಾಲೆ ಬಿಡಿಸಬೇಡಿ. ಭವಿಷ್ಯದ ಮಾತಾಡುವವರು ಮೊದಲು ಆ ಭವಿಷ್ಯವನ್ನು ಕಾಯಬೇಕಾದದ್ದು ಹೀಗೆ.

ಪ್ರಶ್ನೆ: ಚಳ್ಳಕೆರೆಯಲ್ಲಿ ಶೇಂಗಾ ವ್ಯಾಪಾರ ಮಾಡುತ್ತೇನೆ. ನಾನು ಕೊಟ್ಟ 4 ಲಕ್ಷ ರೂಪಾಯಿಯ ಚೆಕ್ಕು ಬೌನ್ಸ್ ಆಗಿ, ಕೆಳಗಿನ ಕೋರ್ಟಿನಲ್ಲಿ ಶಿಕ್ಷೆಯಾಗಿದೆ. ಅಪೀಲು ನಡೆಯುತ್ತಿದೆ. ಎದುರುಗಡೆಯವರು ಹಣ ಪಡೆದು ಬಿಡಲು ಒಪ್ಪಿದ್ದಾರೆ. ಈಗಲೂ ರಾಜಿ ಆಗುತ್ತದೆಯೇ? ಜೊತೆಗೆ, ನನ್ನ ಮಗ ಪೊಲೀಸ್ ನೇಮಕಾತಿಗೆ ಓದುತ್ತಿದ್ದಾನೆ. ಅವನ ಮೇಲೆ ಕಾಲೇಜಿನ ದಿನಗಳ ಒಂದು ಗಲಾಟೆ ಕೇಸಿತ್ತು, ಲೋಕ ಅದಾಲತ್‌ನಲ್ಲಿ ರಾಜಿಯಾಯಿತು. ಅದನ್ನು ಅರ್ಜಿಯಲ್ಲಿ ಬರೆಯಬೇಕೇ?

ಉತ್ತರ: ಚೆಕ್ಕಿನ ಕೇಸು ಯಾವ ಹಂತದಲ್ಲಿಯೂ ರಾಜಿಯಾಗುತ್ತದೆ, ನೆಗೋಶಿಯೇಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ 147ನೇ ಕಲಂ ಅದಕ್ಕೆಂದೇ ಇದೆ. ಆದರೆ ತಡಮಾಡಿದ್ದಕ್ಕೆ ವೆಚ್ಚ ಕೊಡಬೇಕಾಗುತ್ತದೆ. 2010ರ ದಾಮೋದರ್ ಪ್ರಭು ತೀರ್ಪಿನಲ್ಲಿ ಹಂತ ಹಂತವಾಗಿ ನಿಗದಿಯಾಗಿದ್ದ ಈ ವೆಚ್ಚವನ್ನು 2025ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟು ಇಳಿಸಿದೆ. ಆರೋಪಿಯ ಸಾಕ್ಷ್ಯ ದಾಖಲಾಗುವ ಮೊದಲೇ ಹಣ ಕಟ್ಟಿದರೆ ಏನೂ ಇಲ್ಲ, ಆಮೇಲೆ ತೀರ್ಪಿಗೆ ಮುಂಚೆ ಶೇ 5, ಸೆಷನ್ಸ್ ಅಥವಾ ಹೈಕೋರ್ಟಿನ ಹಂತದಲ್ಲಿ ಶೇ 7.5. ಆ ಲೆಕ್ಕದಲ್ಲಿ ನಿಮಗೆ ಸುಮಾರು 30,000 ರೂಪಾಯಿ ಬರುತ್ತದೆ, ಅದು ಎದುರುದಾರರಿಗಲ್ಲದೆ ಸಾಮಾನ್ಯವಾಗಿ ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಸಲ್ಲುತ್ತದೆ. ಅಪೀಲು ಕೋರ್ಟಿಗೆ ಜಂಟಿ ಅರ್ಜಿ ಕೊಡಿ.

ಮಗನ ವಿಷಯದಲ್ಲಿ ನನ್ನ ಉತ್ತರ ಒಂದೇ: ಅರ್ಜಿ ನಮೂನೆಯಲ್ಲಿ ಏನು ಕೇಳಿದ್ದಾರೆಂಬುದನ್ನು ಎರಡು ಸಲ ಓದಿ, ಕೇಳಿದ್ದಕ್ಕೆ ನಿಜ ಬರೆಯಲಿ. ‘ಕೇಸು ಬಾಕಿ ಇದೆಯೇ’ ಎಂದು ಕೇಳುವುದು ಬೇರೆ, ‘ಎಂದಾದರೂ ಕೇಸು ದಾಖಲಾಗಿತ್ತೇ’ ಎಂದು ಕೇಳುವುದು ಬೇರೆ. ರಾಜಿಗೆ ಖುಲಾಸೆಯ ಪರಿಣಾಮವಿದ್ದರೂ ಕೇಸು ಆಗಿತ್ತೆಂಬ ಸಂಗತಿ ಅಳಿಸಿಹೋಗುವುದಿಲ್ಲ. 2016ರ ಅವತಾರ್ ಸಿಂಗ್ ತೀರ್ಪಿನ ಪ್ರಕಾರ, ನಿಜ ಹೇಳಿದವನನ್ನು ತೆಗೆದುಕೊಳ್ಳಬೇಕೇ ಬೇಡವೇ ಎಂದು ಪರಿಶೀಲಿಸುವ ಅಧಿಕಾರ ನೇಮಕಾತಿ ಪ್ರಾಧಿಕಾರಕ್ಕೆ ಇದ್ದೇ ಇದೆ, ಆದರೆ ಕ್ಷುಲ್ಲಕ ಕೇಸುಗಳನ್ನು ಅದು ಮನ್ನಿಸಬಹುದು. ಮುಚ್ಚಿಟ್ಟದ್ದು ಪರಿಶೀಲನೆಯಲ್ಲಿ ಹೊರಬಿದ್ದರೆ ಆ ಮುಚ್ಚಿಟ್ಟದ್ದೇ ಕೆಲಸ ಹೋಗಲು ಕಾರಣವಾಗಬಹುದು. ಲೋಕ ಅದಾಲತ್‌ನ ಆದೇಶದ ದೃಢೀಕೃತ ನಕಲನ್ನು ಆ ಕೋರ್ಟಿನ ನಕಲು ಶಾಖೆಗೆ ಅರ್ಜಿ ಕೊಟ್ಟು ಈಗಲೇ ಪಡೆದುಕೊಳ್ಳಿ, ಪರಿಶೀಲನೆಯ ಹೊತ್ತಿಗೆ ಅದು ಮಗನ ಕೈಯಲ್ಲಿರಲಿ.